ಮಜ್ಜಿಗೆ ಬರುವವರೆಗೂ ಕೂತ ಕೇತೋಜ

ಏಳು ಹೊಲದಾಚೆ, ಏಳು ಹಳ್ಳದೀಚೆ ಒಂದು ಊರಿತ್ತಂತೆ. ಊರಿನ ಹೆಸರು ಕೇಳಬೇಡಿ. ಕೇಳಿದರೆ ಯಾವುದೋ ಒಂದು ಹೆಸರು ಹೇಳಿಬಿಡುತ್ತೇನೆ, ಆಮೇಲೆ ಆ ಊರಿನವರು ನನ್ನನ್ನು ಹುಡುಕಿಕೊಂಡು ಬರುತ್ತಾರೆ. ಊರ ಬೆನ್ನಿಗೆ ಒಂದು ಕಲ್ಲುಗುಡ್ಡ, ಗುಡ್ಡದ ಬುಡಕ್ಕೆ ಕಲ್ಲುಕುಟಿಗರ ಕೇರಿ, ಆ ಕೇರಿಯ ಕೊನೇ ಮನೆಯಲ್ಲಿ ಕೇತೋಜ ಅಂತ ಒಬ್ಬ ಮನೆ ಕಟ್ಟುವವನು. ಅವನ ಹೆಂಡತಿ ಜಕ್ಕವ್ವ.

ಕೇತೋಜ ಎಲ್ಲರ ಹಾಗೆ ಮನೆ ಕಟ್ಟುತ್ತಿರಲಿಲ್ಲವಂತೆ. ಅವನು ಹೊತ್ತನ್ನು ಬಗ್ಗಿಸುತ್ತಿದ್ದ. ನೀವು ನಗುತ್ತೀರಿ, ನಗಿ. ನಾನೂ ಮೊದಲ ಸಲ ಕೇಳಿದಾಗ ನಕ್ಕಿದ್ದೆ.

ಆ ವಿದ್ಯೆ ಅವನಿಗೆ ಹತ್ತಿದ್ದು ಬಾವಿಯಲ್ಲಿ. ಪ್ರಾಯದಲ್ಲಿ ಯಾರದೋ ಬಾವಿ ತೋಡುತ್ತಾ ಹನ್ನೆರಡು ಆಳುದ್ದ ಕೆಳಗೆ ಇಳಿದಿದ್ದನಂತೆ. ಆ ತಳಕ್ಕೆ ಸೂರ್ಯ ಬರುವುದು ನಡು ಮಧ್ಯಾಹ್ನ, ಕಣ್ಣು ಮಿಟುಕಿಸುವಷ್ಟು ಹೊತ್ತು. ಬಂದ, ಹೋದ, ಮುಗಿಯಿತು ದಿನ. ಕೇತೋಜ ಅಲ್ಲೇ ಕೆಸರಲ್ಲಿ ಕುಕ್ಕರಗಾಲಲ್ಲಿ ಕೂತು ಯೋಚಿಸಿದ: ‘ಒಂದು ಗುಂಡಿ ದಿನವನ್ನು ಇಷ್ಟು ಗಿಡ್ಡ ಮಾಡಬಲ್ಲದು ಅಂದರೆ, ಒಂದು ಗೋಡೆ ಅದನ್ನು ಉದ್ದ ಮಾಡಬಾರದೇಕೆ?’ ಮೇಲಿದ್ದವರು ಹಗ್ಗ ಅಲ್ಲಾಡಿಸಿ ಕೂಗಿದರು, ಇವನು ಉತ್ತರ ಕೊಡಲಿಲ್ಲ. ಸತ್ತನೆಂದುಕೊಂಡು ಜಕ್ಕವ್ವನಿಗೆ ಹೇಳಿ ಕಳಿಸಿದರು. ಅವಳು ಬಂದು ಬಾವಿಗೆ ಬಗ್ಗಿ ನೋಡಿ, “ಸತ್ತಿಲ್ಲ, ಯೋಚಿಸ್ತಾ ಇದಾನೆ. ಇನ್ನು ನನ್ನ ಗತಿ ಏನಪ್ಪಾ” ಅಂದಳಂತೆ.

ಅಲ್ಲಿಂದ ಶುರು. ಕಲ್ಲಿನ ಒಂದೊಂದು ವರಸೆಯನ್ನೂ ಒಂದು ಅಕ್ಕಿಕಾಳಿನಷ್ಟು ವಾಲಿಸಿ ಕೂರಿಸುವುದು, ವರಸೆಯ ಮೇಲೆ ವರಸೆ, ಕೊನೆಗೆ ನೆತ್ತಿಯ ಮೇಲೆ ಒಂದು ಮುಚ್ಚುಗಲ್ಲು. ಆ ಕಲ್ಲು ಕೂರುವವರೆಗೆ ಅದು ಬರೀ ಮನೆ. ಕಲ್ಲು ಕೂತಿತೋ, ಹಸಿಬಿದಿರು ಬಗ್ಗಿದ ಹಾಗೆ ಒಳಗಿನ ಹೊತ್ತು ಬಗ್ಗುತ್ತಿತ್ತು.

ಮೊದಮೊದಲು ಎಲ್ಲ ತಮಾಷೆಯೇ. ಒಬ್ಬ ಅಜ್ಜಿಗೆ ಹಾಲಿನ ಗೂಡು ಕಟ್ಟಿಕೊಟ್ಟ. ಅದರಲ್ಲಿಟ್ಟ ಹಾಲು ತಿಂಗಳಾದರೂ ಹುಳಿಯಾಗುತ್ತಿರಲಿಲ್ಲ. ಒಬ್ಬ ಜಿಪುಣ ಗೌಡನಿಗೆ ನೆಂಟರ ಕೋಣೆ ಕಟ್ಟಿಕೊಟ್ಟ. ನೆಂಟರು ಬಂದು ಒಂದು ಗಳಿಗೆ ಕೂರುವಷ್ಟರಲ್ಲಿ ಅವರಿಗೆ ಮೂರು ದಿನ ಕೂತಷ್ಟು ಬೇಸರ ಬಂದು, “ತುಂಬಾ ತೊಂದರೆ ಕೊಟ್ವಿ ಗೌಡ್ರೇ” ಅಂತ ಎದ್ದು ಹೋಗುತ್ತಿದ್ದರು. ಗೌಡನ ಮನೆಯಲ್ಲಿ ಏಳು ವರ್ಷ ಯಾರೂ ಒಂದು ಲೋಟ ಪಾನಕ ಕುಡಿಯಲಿಲ್ಲವಂತೆ.

ಆಮೇಲೆ ಒಬ್ಬ ಎಣ್ಣೆ ಸಾಹುಕಾರ ಬಂದ. ಗಾಣದ ಮನೆ ಬೇಕು, ಹಗಲು ಸ್ವಲ್ಪ ಉದ್ದವಿದ್ದರೆ ಒಳ್ಳೆಯದು ಅಂದ. ಕೇತೋಜ ಕಟ್ಟಿದ. ಹೊರಗೆ ಒಂದು ದಿನ ಆಗುವುದರೊಳಗೆ ಆ ಮನೆಯಲ್ಲಿ ಮೂರು ದಿನ. ಆಳುಗಳು ಮೂರು ದಿನ ದುಡಿದು ಒಂದು ದಿನದ ಅಂಬಲಿ ಕುಡಿದರು. ವರ್ಷ ತುಂಬುವುದರೊಳಗೆ ಇಪ್ಪತ್ತರ ಆಳುಗಳ ಮೀಸೆ ನರೆಯಿತು, ಎತ್ತುಗಳು ನೊಗದಲ್ಲೇ ಕುಸಿದವು. ಕೇತೋಜ ಹೋಗಿ ತನ್ನ ಕೈಯಾರೆ ಮುಚ್ಚುಗಲ್ಲು ಕಿತ್ತು ಬಂದ. ಬಂದವನು ಮೂರು ದಿನ ಗೋಡೆ ನೋಡುತ್ತಾ ಕೂತಿದ್ದ.

ಜಕ್ಕವ್ವ ಹೇಳಿದಳು: “ಬಿಟ್ಟುಬಿಡು. ದನದ ಕೊಟ್ಟಿಗೆ ಕಟ್ಟು, ಕಟ್ಟೆ ಕಟ್ಟು. ಹೊತ್ತಿನ ಮೈ ಮುಟ್ಟಬೇಡ.”

“ಬಿಟ್ಟೆ” ಅಂದ ಕೇತೋಜ. ಅವನೇನೋ ನಿಜವಾಗಿಯೇ ಬಿಟ್ಟಿರುತ್ತಿದ್ದ, ರಾಜನ ಬೆನ್ನ ಮೇಲೆ ಕುರು ಏಳದೆ ಹೋಗಿದ್ದರೆ.

ಆ ಊರಿಗೊಬ್ಬ ರಾಜ ಇದ್ದನಂತೆ. ಅವನ ಬೆನ್ನಿಗೆ ತೆಂಗಿನಕಾಯಿಯಷ್ಟು ದೊಡ್ಡ ಕುರು ಎದ್ದಿತು. ನನಗೆ ಹೇಳಿದವರು ನಿಂಬೆಹಣ್ಣಿನಷ್ಟು ಅಂದಿದ್ದರು. ರಾಜನಲ್ಲವೇ, ಇರಲಿ ಅಂತ ದೊಡ್ಡದು ಮಾಡಿದ್ದೇನೆ. ವೈದ್ಯರು ನೋಡಿದರು, ಒತ್ತಿದರು, ಮೂಸಿದರು. “ನಾಲ್ಕು ತಿಂಗಳು ಮಹಾಪ್ರಭು. ಇದಕ್ಕೆ ಮದ್ದು ಇನ್ನೂ ಹುಟ್ಟಿಲ್ಲ” ಅಂದರು.

ರಾಜ ದಡ್ಡನಲ್ಲ. “ಇನ್ನೂ ಹುಟ್ಟಿಲ್ಲ ಅಂದರೆ, ಮುಂದೆ ಹುಟ್ಟುತ್ತೆ” ಅಂದ. ಕೇತೋಜನನ್ನು ಕರೆಸಿದ.

“ಓಜ, ನನಗೊಂದು ಮನೆ ಕಟ್ಟು. ಒಳಗೆ ನಾನು ಒಂದು ತುತ್ತು ನುಂಗುವಷ್ಟರಲ್ಲಿ ಹೊರಗೆ ಒಂದು ವರ್ಷ ಉರುಳಬೇಕು. ನಾನು ಒಳಗೆ ಆರಾಮಾಗಿ ಕೂತಿರ್ತೀನಿ. ಹೊರಗೆ ಯಾವನೋ ಒಬ್ಬ ವೈದ್ಯ ಹುಟ್ಟಲಿ, ಬೆಳೆಯಲಿ, ಓದಲಿ, ಮದ್ದು ಅರೆದುಕೊಂಡು ಬರಲಿ. ನನ್ನಿಂದ ಆಗುತ್ತೆ ಅನ್ನು, ಇಲ್ಲಾ ಆಗಲ್ಲ ಅನ್ನು.”

ಆ ಕೊನೇ ಮಾತೇ ಕೆಡಿಸಿತು. ಆಗಲ್ಲ ಅನ್ನುವುದು ಕೇತೋಜನ ಬಾಯಲ್ಲಿ ಬರಲಿಲ್ಲ.

ಮನೆಗೆ ಬಂದಾಗ ಜಕ್ಕವ್ವ ಒಲೆ ಮುಂದೆ ಕೂತಿದ್ದಳು. ಐದು ತಿಂಗಳ ಬಸುರಿ. ಅದಕ್ಕೆ ಮುಂಚೆ ಮೂರು ಹೆತ್ತಿದ್ದಳು, ಮೂರೂ ಉಳಿದಿರಲಿಲ್ಲ. ಮೂರು ಸಲವೂ ಕೇತೋಜ ಯಾರದೋ ಸಾರವೆ ಮೇಲೆ ನಿಂತು ಯಾರದೋ ಗೋಡೆಗೆ ಕಲ್ಲು ಏರಿಸುತ್ತಿದ್ದ. ಗುಂಡಿಗೆ ಮಣ್ಣು ಹಾಕಿದ ಮೇಲೆ ಬಂದು ನಿಂತಿದ್ದ.

“ಒಪ್ಕೊಂಡ್ಯಾ?”

“ನನ್ನ ಕೈಯಲ್ಲಿ ಆಗುತ್ತೋ ಇಲ್ವೋ ನೋಡಬೇಕು ಕಣೇ. ಇಷ್ಟು ಬಗ್ಗಿಸಿದವರು ಯಾರೂ ಇಲ್ಲ.”

“ರಾಜನ ಬೆನ್ನ ಕುರುಗೆ ನಿನ್ನ ಕೈಚಳಕ. ಸರಿ, ಕಟ್ಟು. ಆದರೆ ಈ ಸಲ ನಾನು ಹೆರುವಾಗ ನೀನು ಬಾಗಿಲಲ್ಲಿ ಕೂತಿರಬೇಕು. ನೀನು ಏನೂ ಮಾಡಬೇಡ, ಸುಮ್ಮನೆ ಕೂತಿರು. ಮಗು ಅತ್ತಾಗ ಕೇಳಿಸಿಕೊಳ್ಳೋಕೆ ಅದರ ಅಪ್ಪ ಅಂತ ಒಬ್ಬನಿರಲಿ.”

ಕೇತೋಜ ಅವಳ ತಲೆ ಮೇಲೆ ಕೈಯಿಟ್ಟು ಆಣೆ ಮಾಡಿದ.

ನಾಲ್ಕು ತಿಂಗಳಿಗೆ ಏಳು ದಿನ ಕಡಿಮೆ ಇರುವಾಗ ಮನೆ ಮುಗಿಯಿತು. ಕಿಟಕಿಯಿಲ್ಲದ ಮನೆ, ಕಿಟಕಿ ಇಟ್ಟರೆ ಹೊತ್ತು ಸೋರುತ್ತದಂತೆ. ಮೂರು ಕಡೆ ತಿರುಗಿ ಒಳಗೆ ಹೋಗುವ ಒಂದು ಓಣಿ, ಅದರ ಕೊನೆಗೆ ಹಜಾರ, ಹಜಾರದಲ್ಲಿ ದೀಪ. ಅಡುಗೆಮನೆ ಹೊರಗೆ, ಅಂಗಳದಲ್ಲಿ. ಎಲ್ಲಾ ಆಯಿತು, ನೆತ್ತಿಯ ಮುಚ್ಚುಗಲ್ಲೊಂದು ಬಾಕಿ.

ಅಷ್ಟರಲ್ಲಿ ಊಟದ ಶಾಸ್ತ್ರ ಬಂತು.

ಆ ಸೀಮೆಯಲ್ಲಿ ಮನೆ ಮುಗಿದ ದಿನ ಕಟ್ಟಿದವನು ಆ ಮನೆಯೊಳಗೆ ಯಜಮಾನನ ಪಕ್ಕ, ಒಂದೇ ಪಂಕ್ತಿಯಲ್ಲಿ ಕೂತು ಉಣ್ಣಬೇಕು. ಉಪ್ಪಿನಿಂದ ಶುರುವಾಗಿ ಮಜ್ಜಿಗೆಗೆ ಮುಗಿಯಬೇಕು. ಮಜ್ಜಿಗೆ ಬರುವವರೆಗೆ, ಯಜಮಾನ ಏಳುವವರೆಗೆ, ಯಾರೂ ಏಳುವ ಹಾಗಿಲ್ಲ. ನಡುವೆ ಎದ್ದು ಪಂಕ್ತಿ ಮುರಿದವನ ಮಕ್ಕಳಿಗೆ ಕೇಡು ತಟ್ಟುತ್ತದೆ ಅಂತ ಅಲ್ಲಿಯ ಜನ ನಂಬಿದ್ದರು. ಅವನಿಗಲ್ಲ, ಅವನ ಮಕ್ಕಳಿಗೆ. ಕೇತೋಜನೂ ನಂಬಿದ್ದ. ಮೂರು ಮಕ್ಕಳನ್ನು ಮಣ್ಣಿಗೆ ಕೊಟ್ಟವನು ಇಂಥದ್ದನ್ನೆಲ್ಲ ಸ್ವಲ್ಪ ಹೆಚ್ಚಾಗಿಯೇ ನಂಬುತ್ತಾನೆ.

ಆದರೂ ಅವನು ಲೆಕ್ಕ ಹಾಕಿಯೇ ಇದ್ದ. ಮೊದಲು ಊಟ, ಆಮೇಲೆ ಕಲ್ಲು. ಕಲ್ಲು ಕೂರುವವರೆಗೆ ಅದು ಬರೀ ಮನೆ ತಾನೇ? ಉಂಡು, ಎದ್ದು, ಹೊರಗೆ ಬಂದು, ಮಾಡು ಹತ್ತಿ, ಕಲ್ಲು ಕೂರಿಸಿ ಮನೆಗೆ ಹೋಗುವುದು. ಜಕ್ಕವ್ವನಿಗೆ ದಿನ ತುಂಬಿತ್ತು. “ಉಂಡು ಬಂದೆ” ಅಂತ ಹೇಳಿ ಹೊರಟ. “ಬೇಗ ಉಣ್ಣು” ಅಂದಳು ಅವಳು.

ಎಲೆ ಹಾಕಿದರು. ರಾಜ ಒಂದು ಎಲೆಗೆ, ಕೇತೋಜ ಪಕ್ಕದ ಎಲೆಗೆ. ಇಬ್ಬರೇ. ಅಡುಗೆಯ ಹಾಲಪ್ಪ ಉಪ್ಪು, ಕೋಸಂಬರಿ, ಪಲ್ಯ, ಅನ್ನ ಬಡಿಸಿದ. ಹಾಲಪ್ಪನಿಗೆ ಆಗ ಇಪ್ಪತ್ತೈದು, ಕಪ್ಪು ಮೀಸೆ, ಕಿವಿಯಲ್ಲಿ ಒಂಟಿ.

“ಹಾಲಪ್ಪಾ, ಜಕ್ಕವ್ವ ಕಂಡ್ಳಾ?”

“ಬೆಳಗ್ಗೆ ನೀರಿಗೆ ಬಂದಿದ್ದಳು ಓಜಯ್ಯ. ಇಂಥಾ ಹೊಟ್ಟೆ ಇಟ್ಕೊಂಡು ಕೊಡ ಹೊರಬೇಡ ಅಂದ್ರೆ ನನಗೇ ಬೈದಳು.”

ಕೇತೋಜ ನಕ್ಕ. ಹಾಲಪ್ಪ ಹೊರಗೆ ಹೋದ. ರಾಜ ಮೊದಲ ತುತ್ತು ಕಲಸಿದ. ಅದೇ ಹೊತ್ತಿಗೆ ಮೇಲೆ ಮಾಡಿನಲ್ಲಿ ಟಕ್, ಟಕ್, ಟಕ್.

“ಏನದು ಸದ್ದು?”

“ನಿನ್ನ ಆಳೇ ಇರಬೇಕು, ಏನೋ ಚಕ್ಕೆ ಹಾರಿಸ್ತಾ ಇದಾನೆ. ಉಣ್ಣು ಓಜ.”

ಕೇತೋಜನ ಎರಡನೇ ಆಳು ಸಿಂಗೋಜ. ಊಟದ ನಡುವೆಯೇ ಮುಚ್ಚುಗಲ್ಲು ಕೂರಿಸಿದರೆ ಎರಡೂ ಕೈಗೆ ಬಂಗಾರದ ಕಡಗ ಹಾಕಿಸುತ್ತೇನೆ ಅಂತ ರಾಜ ಅವನಿಗೆ ಅಂದಿದ್ದನಂತೆ. ಕಟ್ಟಿದವನು ಹೊರಗೆ ಉಳಿದರೆ ನಾಳೆ ಪಕ್ಕದ ರಾಜನಿಗೂ ಇಂಥದ್ದೇ ಮನೆ ಕಟ್ಟಿಕೊಟ್ಟಾನು. ಒಳಗಿದ್ದರೆ ಗೋಡೆ ಬಿರುಕು ಬಿಟ್ಟಾಗ ಕೈಗೆ ಸಿಕ್ಕಾನು. ಇದು ರಾಜನ ಲೆಕ್ಕ.

ಸಿಂಗೋಜ ಕಲ್ಲು ಕೂರಿಸಿದ. ಕೂರಿಸಿದ, ಆದರೆ ಗಾರೆ ಒರೆಸಲು ಸಂದಿಯೊಳಗೆ ಬಿಟ್ಟ ಬಲಗೈ ತೆಗೆಯುವುದು ಒಂದು ಚಿಟಿಕೆ ತಡವಾಯಿತು. ಕೈ ಒಳಗಿನ ಹೊತ್ತಿಗೆ ಸಿಕ್ಕಿತು, ಮೈ ಹೊರಗೆ ಉಳಿಯಿತು. ಒಳಗೆ ಅವನು ಕೈ ಎಳೆದುಕೊಂಡದ್ದು ಒಂದೇ ಕ್ಷಣ, ಹೊರಗೆ ಹನ್ನೊಂದು ತಿಂಗಳು. ಹನ್ನೊಂದು ತಿಂಗಳು ಅವನು ಮಾಡಿನ ಮೇಲೆ ಬಿಸಿಲಲ್ಲಿ ಮಳೆಯಲ್ಲಿ ಬೋರಲು ಬಿದ್ದುಕೊಂಡಿದ್ದ. ಹೆಂಡತಿ ಏಣಿ ಹತ್ತಿ ಗಂಜಿ ಕುಡಿಸುತ್ತಿದ್ದಳು. ಕೊನೆಗೆ ಕೈ ಬಂತು, ಜೀವ ಹೋಯಿತು. ಕೈ ಮಾತ್ರ ಈಗ ತಾನೇ ಕೆಲಸಕ್ಕೆ ಬಂದವನ ಕೈಯ ಹಾಗೆ ದಷ್ಟಪುಷ್ಟವಾಗಿತ್ತಂತೆ, ಗಾರೆ ಇನ್ನೂ ಹಸಿ. ಇದನ್ನು ಕಣ್ಣಾರೆ ಕಂಡವನ ಜೊತೆ ನಾನು ಕಡಲೆ ತಿಂದಿದ್ದೇನೆ. ಕಂಡಿದ್ದ ಅಂತ ಅವನು ಹೇಳಿದ, ಕಡಲೆ ಮಾತ್ರ ನಿಜ.

ಒಳಗೆ ಕೇತೋಜನಿಗೆ ಇದೊಂದೂ ಗೊತ್ತಿಲ್ಲ. ಪಲ್ಯ ರುಚಿಯಾಗಿತ್ತು. ಒಂದು ತುತ್ತು, ಎರಡು ತುತ್ತು, ಮೂರು ತುತ್ತು. ರಾಜ ಅದೂ ಇದೂ ಕೇಳುತ್ತಾ ಉಣ್ಣುತ್ತಿದ್ದ. ಒಂಬತ್ತು ತುತ್ತಿಗೆ ಅನ್ನ ಮುಗಿಯಿತು.

ಓಣಿಯಲ್ಲಿ ಹೆಜ್ಜೆ ಸದ್ದಾಯಿತು. ಸಾರಿನ ಪಾತ್ರೆ ಹಿಡಿದು ಹಾಲಪ್ಪ ಬಂದ. ಕೇತೋಜ ತಲೆಯೆತ್ತಿ ನೋಡಿದರೆ, ಮೀಸೆಯಲ್ಲಿ ಬೆಳ್ಳಿ ಎಳೆ, ಹೊಟ್ಟೆ ಮುಂದೆ ಬಂದಿದೆ.

“ಹಾಲಪ್ಪಾ, ಜಕ್ಕವ್ವ...”

ಹಾಲಪ್ಪ ಸಾರು ಬಡಿಸುವುದನ್ನು ನಿಲ್ಲಿಸಲಿಲ್ಲ. ನೆಲ ನೋಡುತ್ತಾ ಹೇಳಿದ: “ಜಕ್ಕವ್ವ ಹೋಗಿ ಒಂಬತ್ತು ವರ್ಷ ಆಯ್ತಲ್ಲ ಓಜಯ್ಯ. ನೀವು ಉಣ್ಣೋಕೆ ಕೂತ ದಿನ ಸಂಜೆಯೇ ನೋವು ಬಂತು. ಬಾಗಿಲು ತೆಗೆದಿಡಿ, ಅವನು ಬರ್ತಾನೆ ಅಂತಿದ್ದಳಂತೆ. ಮೂರು ದಿನ ತೆಗೆದೇ ಇತ್ತು. ಹೆಣ್ಣು ಮಗು. ಉಳೀತು. ಸಾತವ್ವ ಅಂತ ಹೆಸರಿಟ್ಟಿದಾರೆ, ಕೇರಿಯವರೇ ಸಾಕ್ತಾ ಇದಾರೆ.”

ಕೇತೋಜನ ಕೈಯಲ್ಲಿದ್ದ ತುತ್ತು ಎಲೆಗೆ ಬಿತ್ತು. ಅರ್ಧ ಎದ್ದ.

ರಾಜ ತಲೆಯೆತ್ತಲಿಲ್ಲ. ಅನ್ನಕ್ಕೆ ಸಾರು ಕಲಸುತ್ತಾ ಮೆಲ್ಲಗೆ ಹೇಳಿದ: “ಮಗು ಉಳಿದಿದೆ ಅಂದನಲ್ಲ. ನಿನಗೆ ಇದೊಂದೇ ಉಳಿದದ್ದು. ಪಂಕ್ತಿ ಮುರಿದು ಇದನ್ನೂ ಮಣ್ಣು ಮಾಡ್ತೀಯಾ?”

ಕೇತೋಜ ಹಾಗೇ ನಿಂತ. ಏಳಲೋ, ಕೂರಲೋ? ಎದ್ದರೆ ಒಂಬತ್ತು ವರ್ಷದ ಮಗಳು ಸಿಗುತ್ತಾಳೆ. ಎದ್ದ ತಪ್ಪಿಗೆ ಅವಳಿಗೇ ಏನಾದರೂ ಆದರೆ? ಏಳಲೋ, ಕೂರಲೋ? ಅವನು ಹಾಗೆ ಯೋಚಿಸುವಷ್ಟರಲ್ಲಿ ಹೊರಗೆ ಎರಡು ಸಲ ಜೋಳ ಬಿತ್ತಿ ಎರಡು ಸಲ ಕೊಯ್ದರಂತೆ.

“ಇನ್ನೇನು ಮಜ್ಜಿಗೆ ಬರುತ್ತೆ” ಅಂದ ರಾಜ. “ಶಾಸ್ತ್ರವಾಗಿ ಎದ್ದು ಹೋಗು. ಮಗಳು ನೂರು ವರ್ಷ ಬಾಳಲಿ.”

ಕೇತೋಜ ಕೂತ. ಮಗಳು ಬಾಳಲಿ ಅಂತ ಕೂತ.

ಬೇಗ ಬೇಗ ಉಂಡ. ಇವನು ಬೇಗ ಉಂಡರೆ ಏನಾಯಿತು, ರಾಜ ನಿಧಾನವಾಗಿ ಉಣ್ಣುತ್ತಿದ್ದ. ಇವನ ಎಲೆ ಬರಿದಾಗುತ್ತಿತ್ತು, ರಾಜನ ಎಲೆ ತುಂಬಿಯೇ ಇರುತ್ತಿತ್ತು. ಒಂದು ಅಗುಳನ್ನು ಮೂವತ್ತೆರಡು ಸಲ ಅಗಿಯುತ್ತಿದ್ದ ಅಂತ ಕೆಲವರು, ಅರವತ್ತನಾಲ್ಕು ಅಂತ ನಾನು.

ಓಣಿಯಲ್ಲಿ ಹೆಜ್ಜೆ ಸದ್ದಾಯಿತು. ಹುಗ್ಗಿ ಬಂತು. ತಂದವನು ಹಾಲಪ್ಪನಲ್ಲ, ಹಾಲಪ್ಪನ ಮಗ ಕೊಟ್ರ. ಅದೇ ಮೂಗು, ಅದೇ ಒಂಟಿ.

“ಅಣ್ಣಾ, ಸಾತವ್ವ ಅಂತ...”

“ಕೇರಿಯ ಸಾತಕ್ಕನಾ? ಮದುವೆಯಾಯ್ತು. ಧಾರೆ ಎರೆಯೋಕೆ ಅಪ್ಪ ಬರಲಿ ಅಂತ ಮೂರು ವರ್ಷ ಮದುವೆ ಮುಂದಕ್ಕೆ ಹಾಕಿದಳು. ಆಮೇಲೆ ಗಂಡಿನ ಕಡೆಯವರು ಕಾಯಲ್ಲ ಅಂದ್ರು. ನಮ್ಮಪ್ಪನೇ ಧಾರೆ ಎರೆದ.”

ಕೇತೋಜ ಮತ್ತೆ ಮೊಣಕಾಲ ಮೇಲೆ ಎದ್ದ. ಎಲೆಯಲ್ಲಿ ಹುಗ್ಗಿ ಬಿದ್ದಿತ್ತು. ಈಗ ಅವಳಿಗೆ ಗಂಡ, ನಾಳೆ ಮಕ್ಕಳು. ಕೇಡು ತಟ್ಟಿದರೆ ಮನೆಮಂದಿಗೆಲ್ಲ. “ಇನ್ನೇನು ಮಜ್ಜಿಗೆ ಬರುತ್ತೆ” ಅಂದ ರಾಜ. ಕೇತೋಜ ಕೂತ.

ಓಣಿಯಲ್ಲಿ ಹೆಜ್ಜೆ ಸದ್ದಾಯಿತು. ತುಪ್ಪ ಬಂತು. ತಂದವನು ಕೊಟ್ರನ ಅಳಿಯನೋ, ಅಳಿಯನ ತಮ್ಮನೋ. ಇವನು ಕೇಳುವ ಮೊದಲೇ ಅವನು ಹೇಳಿದ: “ನೀವು ಸಾತಜ್ಜಿ ವಿಷಯ ಕೇಳ್ತೀರಿ ಅಂತ ನಮ್ಮ ಮಾವ ಹೇಳಿದ್ದ. ಗಂಡ ಕಲ್ಲಿನ ಗಣಿಯಲ್ಲಿ ಹೋದ. ಮಕ್ಕಳಾಗಲಿಲ್ಲ. ಒಂದು ಎಮ್ಮೆ ಇಟ್ಕೊಂಡಿದಾಳೆ.”

“ಇನ್ನೇನು ಮಜ್ಜಿಗೆ ಬರುತ್ತೆ” ಅಂದ ರಾಜ.

ಕೇತೋಜ ಈ ಸಲ ಏಳಲೂ ಇಲ್ಲ. ಗೋಡೆ ನೋಡಿದ. ಎಷ್ಟು ಚೆನ್ನಾಗಿ ಕಟ್ಟಿದ್ದ ಆ ಗೋಡೆಯನ್ನು! ಒಂದು ಕೂದಲು ತೂರದಂಥ ಸಂದು. ಅದನ್ನು ನೋಡುತ್ತಲೇ ತುಪ್ಪದನ್ನ ನುಂಗಿದನಂತೆ, ಕಲ್ಲು ನುಂಗಿದ ಹಾಗೆ.

ಇನ್ನು ಹೊರಗಿನವರ ಕಥೆ ಕೇಳಬೇಕಲ್ಲ. ಯಾರೂ ಬಾಗಿಲು ಒಡೆಯಲಿಲ್ಲವೇ ಅಂದರೆ, ಒಡೆಯಲಿಲ್ಲ. ರಾಜನ ಮಗ ಆಳಿದ, ಮೊಮ್ಮಗ ಆಳಿದ. ಅಪ್ಪ ಊಟಕ್ಕೆ ಕೂತಿದ್ದಾರೆ ಅನ್ನುವುದು ಅವರಿಗೆ ಬಹಳ ಅನುಕೂಲವಾಗಿತ್ತು. ಬಡಿಸುವವರು ತಪ್ಪದೆ ಬಡಿಸಿದರು, ಯಾಕೆಂದರೆ ಉಣ್ಣಲು ಕೂತವರ ಎಲೆ ಬರಿದು ಬಿಡಬಾರದು. ಒಳಗೆ ಹೋಗಿ ಒಂದು ಸೌಟು ಬಡಿಸಿ ಬರುವವನಿಗೆ ಎರಡು ವರ್ಷ ಹೋಗುತ್ತಿತ್ತು. ಹೋಗುವಾಗ ತೊಟ್ಟಿಲಲ್ಲಿದ್ದ ಮಗು ಬರುವಾಗ ಓಡಾಡುತ್ತಾ “ನೀನ್ಯಾರು?” ಅನ್ನುತ್ತಿತ್ತು. ಅದಕ್ಕೇ ಕೊನೆಕೊನೆಗೆ ಬಡಿಸಲು ಯಾರೂ ಮುಂದೆ ಬರದಾದರು. ಮಜ್ಜಿಗೆ ಒಯ್ಯಬೇಕು, ಒಯ್ಯುವವರಿಲ್ಲ. ಆಗ ಒಬ್ಬ ಮುದುಕಿ, “ಕೊಡ್ರೋ ಇಲ್ಲಿ. ನನ್ನ ಎಮ್ಮೆ ಮಜ್ಜಿಗೆ, ನಾನೇ ಬಡಿಸ್ತೀನಿ” ಅಂದಳಂತೆ.

ಓಣಿಯಲ್ಲಿ ಹೆಜ್ಜೆ ಸದ್ದಾಯಿತು. ಈ ಸಲ ಕಾಲೆಳೆಯುವ ಹೆಜ್ಜೆ. ಬಾಗಿದ ಬೆನ್ನು, ಬೆಳ್ಳಗೆ ತಲೆ, ಸೊಂಟದ ಮೇಲೆ ಗಡಿಗೆ. ಮುದುಕಿ ರಾಜನನ್ನು ನೋಡಲಿಲ್ಲ. ಕೇತೋಜನ ಕೈ ನೋಡಿದಳು. ಉಗುರಿನ ಸಂದಿಯಲ್ಲಿ ಸುಣ್ಣ, ಬೆಳಗ್ಗೆ ಹತ್ತಿದ್ದು.

“ನೀನೇ ಏನು?” ಅಂದಳು. “ನಾನು ಇನ್ನೂ ಎತ್ತರ ಅಂದ್ಕೊಂಡಿದ್ದೆ.”

ಕೇತೋಜ ಎಂಜಲು ಕೈಯನ್ನು ಎಲೆಯಿಂದ ಮೇಲೆತ್ತಿದ.

“ನಾನು ಸಾತಿ.”

ಮೂವತ್ತು ವರ್ಷದ ಅಪ್ಪ, ಅರವತ್ತು ದಾಟಿದ ಮಗಳು. ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು.

ರಾಜ ಎಡಗೈಯನ್ನು ಎಲೆಗೆ ಅಡ್ಡ ಹಿಡಿದ. “ಮಜ್ಜಿಗೆ ಈಗ ಬೇಡ. ಇನ್ನೊಂದು ಸಲ ಹುಗ್ಗಿ ಬರಲಿ. ಮುದುಕಿ, ಹೊರಗೆ ನನ್ನ ಕುರುಗೆ ಮದ್ದು ತಿಳಿದ ವೈದ್ಯ ಹುಟ್ಟಿದನೋ ಇಲ್ಲವೋ?”

“ಹುಟ್ಟಿದ್ದ ಬುದ್ಧಿ. ನೀವು ಸಾರು ಉಣ್ಣುವಾಗ ಹುಟ್ಟಿದ. ಹುಗ್ಗಿ ಉಣ್ಣುವಾಗ ಮದ್ದು ಅರೆದುಕೊಂಡು ಬಂದ. ಮಹಾಪ್ರಭು ಉಣ್ತಾ ಇದಾರೆ, ನಡುವೆ ಹೋಗಬಾರದು ಅಂದ್ರು ಕಾವಲಿನವರು. ಇಪ್ಪತ್ತೆರಡು ವರ್ಷ ಬಾಗಿಲಲ್ಲಿ ಕೂತಿದ್ದ. ಅಲ್ಲೇ ಸತ್ತ. ಮದ್ದು ಗೊತ್ತಿದ್ದದ್ದು ಅವನೊಬ್ಬನಿಗೇ.”

ರಾಜನ ಕೈಯಲ್ಲಿದ್ದ ತುತ್ತು ಕೈಯಲ್ಲೇ ಉಳಿಯಿತು.

ಮುದುಕಿ ಗಡಿಗೆ ಕೆಳಗಿಟ್ಟಳು. “ಏಳಪ್ಪಾ. ಹೋಗೋಣ. ಎಮ್ಮೆ ಕಟ್ಟಿ ಬಂದಿದೀನಿ.”

“ಬೇಡ ಮಗಳೇ” ಅಂದ ಕೇತೋಜ. “ಅವರು ಎದ್ದಿಲ್ಲ. ನಾನು ಪಂಕ್ತಿ ಮುರಿದರೆ ನಿನಗೆ ಕೇಡು.”

ಸಾತವ್ವ ನಕ್ಕಳು. ಬಾಯಲ್ಲಿ ಒಂದೂ ಹಲ್ಲಿರಲಿಲ್ಲ.

“ನನಗೆ ಇನ್ನು ಯಾವ ಕೇಡು ಉಳಿದಿದೆ? ಹುಟ್ಟಿದ ಮೂರನೇ ದಿನಕ್ಕೆ ಅವ್ವ ಹೋದಳು. ಗಂಡ ಹೋದ. ಮಡಿಲು ತುಂಬಲಿಲ್ಲ, ಕಣ್ಣು ಮಂಜಾಯ್ತು. ನೀನು ಏಳದೇ ಇದ್ರೂ ಎಲ್ಲಾ ಬಂತು, ಒಂದೂ ತಪ್ಪಲಿಲ್ಲ. ಯಾವ ಮಗಳಿಗೆ ಅಂತ ಕೂತಿದೀಯ ನೀನು? ಆ ಹುಡುಗಿ ಯಾವತ್ತೋ ಹೋದಳು. ನಾನು ಬಂದಿದೀನಿ, ಏಳು.”

ಕೇತೋಜ ಎದ್ದ. ಎದ್ದವನು ಬಗ್ಗಿ, ರಾಜ ಇನ್ನೂ ಉಣ್ಣುತ್ತಿದ್ದ ಹಾಗೆಯೇ, ರಾಜನ ಎಲೆಯನ್ನು ಅನ್ನದ ಸಮೇತ ಎರಡಾಗಿ ಮಡಚಿಬಿಟ್ಟ. ಉಣ್ಣುವವನಿಗೆ ಅದಕ್ಕಿಂತ ದೊಡ್ಡ ಅವಮಾನ ಇಲ್ಲ. ರಾಜ ಕೂಗಿದ, ಬೈದ. ಹಿಂದೆ ಓಡಿ ಬರುವ ಹಾಗಿಲ್ಲ, ಹೊರಗೆ ಕಾಲಿಟ್ಟರೆ ಇನ್ನು ಏಳೇ ದಿನ. ಅಲ್ಲೇ ಕೂತ. ಆಮೇಲೆ ಅವನಿಗೆ ಬಡಿಸಲು ಯಾರೂ ಹೋಗಲಿಲ್ಲ. ಓಣಿಯ ಬಾಯಿಗೆ ಕತ್ತಾಳೆ ಬೆಳೆಯಿತು, ಊರು ಅವನನ್ನು ಮರೆಯಿತು. ಈಗಲೂ ಅಲ್ಲೇ ಇದ್ದಾನಂತೆ, ಅವನಿಗೆ ಇನ್ನೂ ಅದೇ ಮಧ್ಯಾಹ್ನವಂತೆ. ಗೋಡೆಗೆ ಕಿವಿಯಿಟ್ಟರೆ ನರಳುವುದು ಕೇಳಿಸುತ್ತದೆ ಅನ್ನುತ್ತಾರೆ. ನಾನು ಇಟ್ಟಿದ್ದೆ, ನನಗೆ ತೇಗು ಕೇಳಿಸಿತು.

ಅಪ್ಪ ಮಗಳು ಹೊರಗೆ ಬಂದಾಗ ಬಿಸಿಲು ಕಣ್ಣಿಗೆ ಹೊಡೆಯಿತು. ಒಳಗೆ ಆಡಿದ ನಾಲ್ಕು ಮಾತಿಗೆ ಹೊರಗೆ ನಾಲ್ಕು ವರ್ಷ ಕಳೆದಿತ್ತು. ಕಟ್ಟಿ ಬಂದಿದ್ದ ಎಮ್ಮೆ ಸತ್ತು, ಅದರ ಕರು ಎರಡು ಕರು ಹಾಕಿತ್ತು. ಪಕ್ಕದ ಮನೆಯವರು ಹಾಲು ಕರೆದುಕೊಂಡು ಹಾಯಾಗಿದ್ದರು. ಸಾತವ್ವ ಅವರ ಜೊತೆ ಅರ್ಧ ದಿನ ಜಗಳವಾಡಿ ಒಂದು ಎಮ್ಮೆ ವಾಪಸು ತಂದಳು.

ಸಾತವ್ವನ ಮನೆಯಲ್ಲಿ ಇಬ್ಬರೂ ಇದ್ದರು. ಹೆಚ್ಚು ದಿನವಲ್ಲ. ಸಾತವ್ವನಿಗೆ ಕೆಮ್ಮು ಹಿಡಿಯಿತು, ಕೆಮ್ಮಿದರೆ ಎದೆ ಹಿಡಿದುಕೊಳ್ಳುತ್ತಿದ್ದಳು. ಕೇತೋಜ ಅಂಗಳದಲ್ಲಿ ಕಲ್ಲು ಗುಡ್ಡೆ ಹಾಕಿದ, ಅಳತೆಗೆ ನೂಲು ಹಿಡಿದ.

“ಏನು ಮಾಡ್ತಿದೀಯ?”

“ನಿನಗೊಂದು ಕೋಣೆ. ಗಾಣದ ಮನೆ ಕಟ್ಟಿದ್ದೆನಲ್ಲ, ಆ ಥರದ್ದು. ಹೊರಗೆ ಒಂದು ದಿನ ಆಗೋದರೊಳಗೆ ನಮಗೆ ಒಳಗೆ ನೂರು ದಿನ ಸಿಗುತ್ತೆ.”

“ನನ್ನ ಕೆಮ್ಮಿಗೂ ನೂರು ದಿನ ಸಿಗುತ್ತಾ?”

ಕೇತೋಜ ನೂಲು ಹಿಡಿದೇ ನಿಂತ. ಹೊತ್ತು ಬಗ್ಗುತ್ತದೆ, ಮೈಯಲ್ಲಿರುವ ಆಯಸ್ಸು ಬಗ್ಗುವುದಿಲ್ಲ. ಅಷ್ಟು ಮನೆ ಕಟ್ಟಿದವನಿಗೆ ಅದು ಅವತ್ತು ಹೊಳೆಯಿತು ಅಂತ ಕಾಣುತ್ತದೆ. ನೂಲು ಸುತ್ತಿಟ್ಟ.

“ಬರೀ ಕೂತ್ಕೋ ಅಪ್ಪಾ” ಅಂದಳು ಸಾತವ್ವ. “ಇದೇ ಬಿಸಿಲು ಸಾಕು.”

ಜೋಳ ತೆನೆಗೆ ಬರುವವರೆಗೆ ಇದ್ದಳು. ಕೇತೋಜ ಗಂಜಿ ಮಾಡಿ ಆರಿಸಿ ತಿನ್ನಿಸುತ್ತಿದ್ದ. ತಲೆ ಬಾಚುತ್ತಿದ್ದ, ಬಾಚಲು ಬರುತ್ತಿರಲಿಲ್ಲ, ಬೈಸಿಕೊಳ್ಳುತ್ತಿದ್ದ. ಮುದುಕಿ ಒಂದೊಂದು ದಿನ ಹಠ ಮಾಡುತ್ತಿದ್ದಳು, ಹೆಗಲ ಮೇಲೆ ಕೂರಿಸಿಕೊಂಡು ಕೆರೆ ತೋರಿಸು ಅಂತ. ಕೂರಿಸಿಕೊಂಡು ಹೋಗುತ್ತಿದ್ದ. ಹಕ್ಕಿಯ ಹಾಗೆ ಹಗುರ. ಕೇರಿಯ ಹೆಂಗಸರು ಸೆರಗು ಬಾ­ಯಿಗಿಟ್ಟು ನಗುತ್ತಿದ್ದರು. “ಅಜ್ಜಿಗೆ ಪ್ರಾಯದ ಗಂಡು ಸಿಕ್ಕಿದೆ” ಅನ್ನುತ್ತಿದ್ದರು. ಹಾಲಪ್ಪ ಸತ್ತಿದ್ದ, ಕೊಟ್ರ ಸತ್ತಿದ್ದ, ತುಪ್ಪ ಬಡಿಸಿದವನೂ ಇರಲಿಲ್ಲ. ಇವನು ಯಾರು ಅಂತ ಹೇಳಬಲ್ಲವರು ಆ ಕೇರಿಯಲ್ಲಿ ಒಬ್ಬರೂ ಉಳಿದಿರಲಿಲ್ಲ.

ಒಂದು ಮಧ್ಯಾಹ್ನ ಸಾತವ್ವ ಗಂಜಿಯ ಬಟ್ಟಲನ್ನು ಪಕ್ಕಕ್ಕೆ ಸರಿಸಿ, ಅಪ್ಪನ ತೊಡೆಯ ಮೇಲೆ ತಲೆಯಿಟ್ಟು, ಹಾಗೇ ಹೋದಳು.

ಕೇರಿಯವರು ಸೇರಿದರು. ಗುಂಡಿ ತೋಡಿದರು, ಇಳಿಸಿದರು. ಹತ್ತಿರದವರು ಮೊದಲ ಹಿಡಿ ಮಣ್ಣು ಹಾಕಬೇಕು. “ಯಾರಿದ್ದೀರಪ್ಪಾ ಸಾತಜ್ಜಿ ಕಡೆಯವರು?” ಅಂದ ಕೇರಿಯ ಹಿರಿಯ.

ಕೇತೋಜ ಮುಂದೆ ಬಂದ. “ನಾನು. ಅಪ್ಪ.”

ಹಿರಿಯ ಅವನ ಕಪ್ಪು ಗಡ್ಡ ನೋಡಿದ, ಗುಂಡಿಯಲ್ಲಿದ್ದ ಬಿಳೀ ತಲೆ ನೋಡಿದ. ಮುಖ ಕೆಂಪಾಯಿತು. “ಹೆಣದ ಮುಂದೆ ತಮಾಷೆ ಮಾಡ್ತೀಯೇನೋ? ಅಜ್ಜಿ ಅನ್ನ ತಿಂದವನಲ್ವಾ ನೀನು? ಹಿಂದೆ ನಿಂತ್ಕೋ.” ತೋಳು ಹಿಡಿದು ಹಿಂದಕ್ಕೆ ನೂಕಿದ. ಸತ್ತ ಗಂಡನ ಕಡೆಯ ಯಾರೋ ದೂರದವನೊಬ್ಬನನ್ನು ಹುಡುಕಿ ಅವನ ಕೈಯಲ್ಲಿ ಮೊದಲ ಮಣ್ಣು ಹಾಕಿಸಿದರು. ಆಮೇಲೆ ಹಿರಿಯರು, ಆಮೇಲೆ ನೆರೆಯವರು, ಆಮೇಲೆ ಎಮ್ಮೆ ಕದ್ದಿದ್ದ ಮನೆಯವರು. ಎಲ್ಲರೂ ಹಾಕಿ, ಕೈ ಕೊಡವಿ, ಕೆರೆಗೆ ಮೈ ತೊಳೆಯಲು ಹೋದ ಮೇಲೆ ಅಪ್ಪನ ಸರದಿ ಬಂತು. ಅಷ್ಟರಲ್ಲಿ ಗುಂಡಿ ತುಂಬಿ ಸಮವಾಗಿತ್ತು. ಅವನು ಹಾಕಿದ ಹಿಡಿ ಮಣ್ಣು ನಿಲ್ಲದೆ ಪಕ್ಕಕ್ಕೆ ಜಾರಿತು.

ಆಮೇಲೆ ಕೇತೋಜ ನಲವತ್ತು ವರ್ಷ ಬದುಕಿದನಂತೆ, ಒಂದೊಂದು ದಿನವನ್ನೂ ಅದರ ಪೂರ್ತಿ ಉದ್ದಕ್ಕೆ.

ಅವರದು ಅಲ್ಲಿಗೆ ಮುಗಿಯಿತು, ನನ್ನದು ಇಲ್ಲಿಗೆ. ಇದರಲ್ಲಿ ಸುಳ್ಳೆಷ್ಟಿದೆಯೋ ಅಷ್ಟು ನನ್ನ ಪಾಲು. ಮಿಕ್ಕದ್ದು ಅವರು ಉಂಡದ್ದು.